ಷರಾ ಬರೆದ ಓದುಗರು

ಸ್ನೇಹಿತರೇ, ನಮಸ್ಕಾರ.

ನಮ್ಮಪ್ಪ ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತರಾಗಿದ್ದರು. ಮನೆಯಲ್ಲಿ ಪೇಪರ್ ಓದುವಾಗಲೂ ಪೆನ್ಸಿಲ್ ಹಿಡಿದು ಅಂಚಿನಲ್ಲಿ ಏನಾದರೂ ಗೀಚೋರು. ಏನಪ್ಪಾ ಅದು ಅಂದರೆ ‘ಷರಾ’ ಅನ್ನೋರು. ಕಡತದೊಳಗೆ ಎಷ್ಟೇ ಕಾಗದ ಇರಲಿ, ಅದು ಮುಂದೆ ಹೋಗುವುದೂ ಅಲ್ಲೇ ಕೊಳೆಯುವುದೂ ಸಾಹೇಬರ ಷರಾದಿಂದ ಅನ್ನುವುದು ಅವರ ನಂಬಿಕೆ.

ಅಂಥದೊಂದು ಷರಾದಿಂದಲೇ ಇವತ್ತಿನ ಮಾತು ಶುರು ಮಾಡುತ್ತೇನೆ. 1964ನೇ ಇಸವಿ. ಅಮೆರಿಕದ ತನಿಖಾ ಸಂಸ್ಥೆ ಎಫ್‌ಬಿಐ. ಕಪ್ಪು ಕಾದಂಬರಿಕಾರ ಜೇಮ್ಸ್ ಬಾಲ್ಡ್‌ವಿನ್ ಕುರಿತ ಟಿಪ್ಪಣಿಯ ಮೇಲೆ ನಿರ್ದೇಶಕ ಜೆ. ಎಡ್ಗರ್ ಹೂವರ್ ಸ್ವಂತ ಕೈಬರಹದಲ್ಲಿ ಕೇಳಿದ: ಈತ ಹೆಸರುವಾಸಿ ವಿಕೃತಕಾಮಿ ಅಲ್ಲವೇ? ಕೆಳಗಿನವರು ಉತ್ತರ ಕೊಡಲೇಬೇಕಲ್ಲ. ಅವನ ಬರವಣಿಗೆಯಲ್ಲಿ ಸಲಿಂಗ ಪ್ರೇಮ ಬರುತ್ತದೆ, ಅದರ ಬಗ್ಗೆ ಅವನಿಗೆ ಸಹಾನುಭೂತಿಯೂ ಇದೆ, ಆದರೆ ಅಷ್ಟರಿಂದಲೇ ಅವನೂ ಹಾಗೆ ಎಂದು ಹೇಳಲು ಬರುವುದಿಲ್ಲ, ಎಂಬರ್ಥದ ಉತ್ತರ ಹೋಯಿತು. ಪಾತ್ರ ಬೇರೆ, ಬರೆದವನು ಬೇರೆ ಅಂತ ಬಿಎ ತರಗತಿಯಲ್ಲಿ ನಾನು ಇಪ್ಪತ್ತು ವರ್ಷ ಬಡಿದುಕೊಂಡ ಪಾಠ ಇದು. ಅದನ್ನು ಪತ್ತೇದಾರಿ ಇಲಾಖೆಯ ನೌಕರನೊಬ್ಬ ತನ್ನ ಸಾಹೇಬರಿಗೆ, ಕೆಲಸಕ್ಕೆ ಸಂಚಕಾರ ಬಾರದಷ್ಟು ಮೆತ್ತಗೆ, ಹೇಳಿದ್ದಾನೆ.

ಇಂಥ ಪುಟಗಳನ್ನು ವಿಮರ್ಶೆಯ ಮೇಜಿಗೆ ತಂದಿಟ್ಟವರಲ್ಲಿ ಮುಖ್ಯರು ವಿಲಿಯಂ ಜೆ. ಮ್ಯಾಕ್ಸ್‌ವೆಲ್. ಸೇಂಟ್ ಲೂಯಿಸ್‌ನ ವಾಷಿಂಗ್‌ಟನ್ ವಿಶ್ವವಿದ್ಯಾಲಯದ ಪ್ರಾಧ್ಯಾಪಕರು. ಅವರಿಗಿಂತ ಮೊದಲೂ ಈ ಕಡತಗಳನ್ನು ನೋಡಿದವರಿದ್ದಾರೆ, ಅದನ್ನು ಮರೆಯಬಾರದು. ಆದರೆ ಲೇಖಕರಿಗೆ ಆದ ಅನ್ಯಾಯದ ದಾಖಲೆ ಅಂತಷ್ಟೇ ನೋಡದೆ, ಇದೂ ಒಂದು ಬಗೆಯ ಓದು ಅಂತ ಹಟ ಹಿಡಿದು ಕೂತವರು ಮ್ಯಾಕ್ಸ್‌ವೆಲ್.

ಅವರೇನೂ ಗೂಢಚಾರಿಕೆಯನ್ನು ಹುಡುಕಿಕೊಂಡು ಹೊರಟವರಲ್ಲ. 1999ರಲ್ಲಿ ಬಂದ ಅವರ ಮೊದಲ ಪುಸ್ತಕ ಕಪ್ಪು ಲೇಖಕರಿಗೂ ಕಮ್ಯುನಿಸ್ಟರಿಗೂ ಇದ್ದ ನಂಟಿನ ಬಗ್ಗೆ. 2004ರಲ್ಲಿ ಕ್ಲಾಡ್ ಮೆಕೇಯ ಸಮಗ್ರ ಕವಿತೆಗಳನ್ನು ಸಂಪಾದಿಸಿದರು. ಮೆಕೇ ಜಮೈಕಾದವನು, 1922ರಲ್ಲಿ ಮಾಸ್ಕೋಗೆ ಹೋಗಿ ಕಮ್ಯುನಿಸ್ಟ್ ಅಂತರರಾಷ್ಟ್ರೀಯ ಸಮ್ಮೇಳನದಲ್ಲಿ ಮಾತಾಡಿದವನು. ಇಂಥವನ ಜಾಡು ಹಿಡಿದು ಹೋದರೆ ಪೊಲೀಸ್ ಕಡತ ಕಾಲಿಗೆ ತೊಡರದೆ ಇರುತ್ತದೆಯೇ? ಅಲ್ಲಿಂದ ಅವರು ಅಮೆರಿಕದ ಮಾಹಿತಿ ಸ್ವಾತಂತ್ರ್ಯ ಕಾಯ್ದೆಯಡಿ ಅರ್ಜಿ ಹಾಕುತ್ತಾ ಹೋದರು. 1919ರಿಂದ ಹೂವರ್ ಸತ್ತ 1972ರವರೆಗೆ ಬರೆಯುತ್ತಿದ್ದ 106 ಕಪ್ಪು ಲೇಖಕರ ಹೆಸರು ಕೊಟ್ಟು ಕೇಳಿದರು. 51 ಮಂದಿಯ ಕಡತ ಇತ್ತು. ಸರಿಸುಮಾರು ಅರ್ಧದಷ್ಟು! ಬಾಲ್ಡ್‌ವಿನ್ ಒಬ್ಬನದೇ 1,884 ಪುಟ. 2015ರಲ್ಲಿ ಇದೆಲ್ಲ ‘ಎಫ್.ಬಿ. ಐಸ್’ (ಐಸ್ ಅಂದರೆ ಕಣ್ಣುಗಳು) ಎಂಬ ಪುಸ್ತಕವಾಯಿತು, ಮೂಲ ಕಡತಗಳನ್ನೂ ಅವರು ಅಂತರ್ಜಾಲದಲ್ಲಿ ಯಾರು ಬೇಕಾದರೂ ನೋಡುವಂತೆ ಇಟ್ಟರು.

ನನಗೆ ಹೆಚ್ಚು ಹಿಡಿಸಿದ್ದು 1919ರ ಸಂಗತಿ. ಆ ಬೇಸಿಗೆಯಲ್ಲಿ ಅಮೆರಿಕದ ಹಲವು ನಗರಗಳಲ್ಲಿ ಬಿಳಿಯರ ಗುಂಪುಗಳು ಕಪ್ಪು ಜನರ ಮೇಲೆ ಬಿದ್ದವು. ಸಾಯುವುದೇ ಆದರೆ ಹಂದಿಗಳ ಹಾಗೆ ಬೇಡ, ತಿರುಗಿ ಹೊಡೆಯುತ್ತಾ ಸಾಯೋಣ ಅನ್ನುವ ಮೆಕೇಯ ಸಾನೆಟ್, ಅಂದರೆ ಹದಿನಾಲ್ಕು ಸಾಲಿನ ಕವಿತೆ, ಜುಲೈನಲ್ಲಿ ಅಚ್ಚಾಯಿತು. ನವೆಂಬರ್ ಹೊತ್ತಿಗೆ ಅದು ನ್ಯಾಯ ಇಲಾಖೆ ಸೆನೆಟ್‌ಗೆ ಸಲ್ಲಿಸಿದ ವರದಿಯಲ್ಲಿತ್ತು, ರಾಜದ್ರೋಹದ ಪುರಾವೆಯಾಗಿ. ಆಗಷ್ಟೇ ಇಲಾಖೆಯ ತೀವ್ರಗಾಮಿಗಳ ವಿಭಾಗಕ್ಕೆ ಮುಖ್ಯಸ್ಥನಾಗಿದ್ದ ಹೂವರ್‌ಗೆ ಇಪ್ಪತ್ನಾಲ್ಕು ವರ್ಷ. ಅದಕ್ಕೂ ಮೊದಲು, ಕಾನೂನು ಓದುವಾಗ, ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿ ಗುಮಾಸ್ತಿಕೆ ಮಾಡಿದ್ದವನು.

ಆ ಹದಿನಾಲ್ಕು ಸಾಲನ್ನು ನಿಧಾನಕ್ಕೆ ಓದಿ ನೋಡಿ. ಕಪ್ಪು, ಬಿಳಿ ಅನ್ನುವ ಮಾತು ಎಲ್ಲೂ ಇಲ್ಲ. ಅಮೆರಿಕದ ಹೆಸರಿಲ್ಲ. ಇರುವುದು ‘ನಾವು’, ಸುತ್ತುವರಿದ ನಾಯಿಗಳು, ಬೆನ್ನ ಹಿಂದಿನ ಗೋಡೆ. ಹಾಗಾದರೆ ಇಲಾಖೆಗೆ ಪುರಾವೆ ಸಿಕ್ಕಿದ್ದು ಎಲ್ಲಿ? ಹೇಳದೆ ಬಿಟ್ಟ ಜಾಗದಲ್ಲಿ. ಇದನ್ನೇ ಅಲ್ಲವೇ ನಾವು ಧ್ವನಿ ಅನ್ನುವುದು? ಸಹೃದಯನಿಗೆ, ಅಂದರೆ ರಸಿಕ ಓದುಗನಿಗೆ, ಮಾತ್ರ ವ್ಯಂಗ್ಯಾರ್ಥ ಹೊಳೆಯುತ್ತದೆ ಅಂದ ಸಂಸ್ಕೃತ ಕಾವ್ಯಮೀಮಾಂಸಕ ಆನಂದವರ್ಧನ ಈ ಸಹೃದಯರನ್ನು ನೋಡಿದ್ದರೆ ಏನನ್ನುತ್ತಿದ್ದನೋ.

ಈ ಓದುಗರಿಗೆ ಮ್ಯಾಕ್ಸ್‌ವೆಲ್ ‘ಗೋಸ್ಟ್‌ರೀಡರ್’ ಅಂತ ಹೆಸರಿಟ್ಟಿದ್ದಾರೆ. ನಾನು ನೆರಳು ಓದುಗರು ಅನ್ನುತ್ತೇನೆ. ಇಲ್ಲಿ ನನ್ನದೊಂದು ತಕರಾರೂ ಇದೆ. ಅಂತರ್ಜಾಲದ ಆ ಕಡತಗಳನ್ನು ಎಷ್ಟೋ ರಾತ್ರಿ ತಿರುವಿ ಹಾಕಿದ್ದೇನೆ. ಪತ್ರಿಕೆಯ ತುಣುಕು, ವಿಳಾಸ, ಮತ್ತೆ ವಿಳಾಸ, ಸಾಲುಗಟ್ಟಲೆ ಮಸಿ ಬಳಿದ ಪಟ್ಟಿ. ಆಕಳಿಕೆ ಬರುತ್ತದೆ. ಇವರನ್ನೆಲ್ಲ ವಿಮರ್ಶಕರು ಅನ್ನುವುದು ಸ್ವಲ್ಪ ಧಾರಾಳತನವೇ. ಆದರೆ ನಡುವೆ ಒಂದು ಪುಟ ಬಂದು ನನ್ನ ಬಾಯಿ ಮುಚ್ಚಿಸುತ್ತದೆ. ಬಾಲ್ಡ್‌ವಿನ್ನನ 1962ರ ಕಾದಂಬರಿ ‘ಅನದರ್ ಕಂಟ್ರಿ’ ಅಶ್ಲೀಲವೋ ಅಲ್ಲವೋ ನೋಡಿ ಅಂತ ಅಪರಾಧ ವಿಭಾಗಕ್ಕೆ ಒಪ್ಪಿಸುತ್ತಾರೆ. ಓದಿದವರು ಕೊಟ್ಟ ಷರಾ: ಸಾಹಿತ್ಯಕ ಗುಣವಿದೆ, ಮನಶ್ಶಾಸ್ತ್ರದ ವಿದ್ಯಾರ್ಥಿಗಳಿಗೆ ಉಪಯೋಗವಾದೀತು! ಇಷ್ಟು ನಿಷ್ಪಕ್ಷಪಾತ ವಿಮರ್ಶೆ ನಮ್ಮಲ್ಲಿ ಎಷ್ಟು ಕಾದಂಬರಿಗೆ ಸಿಕ್ಕಿದೆ?

ಬರೆಯುವವರಿಗೂ ಇದೆಲ್ಲ ಗೊತ್ತಿತ್ತು. ಪ್ಯಾರಿಸ್ ಸೇರಿಕೊಂಡಿದ್ದ ಕಪ್ಪು ಕಾದಂಬರಿಕಾರ ರಿಚರ್ಡ್ ರೈಟ್ 1949ರಲ್ಲಿ ಇದರ ಮೇಲೆ ಬ್ಲೂಸ್, ಅಂದರೆ ಕಪ್ಪು ಜನರ ನೋವಿನ ಹಾಡಿನ ಧಾಟಿಯಲ್ಲಿ, ಹಾಡೊಂದನ್ನೇ ಬರೆದ. ಎಫ್‌ಬಿಐಯ ‘ಐ’ ಅಕ್ಷರ ಅದರಲ್ಲಿ ಕಣ್ಣಾಗುತ್ತದೆ, ಆ ಕಣ್ಣು ಬಂದು ಅವನ ಮಂಚಕ್ಕೆ ಗಂಟೆ ಕಟ್ಟುತ್ತದೆ. ಮ್ಯಾಕ್ಸ್‌ವೆಲ್ ಪುಸ್ತಕದ ಹೆಸರು ಬಂದದ್ದು ಅಲ್ಲಿಂದಲೇ.

ನಮ್ಮಲ್ಲಿ? ಬ್ರಿಟಿಷರು 1867ರ ಕಾಯ್ದೆ ತಂದ ಮೇಲೆ ಅಚ್ಚಾದ ಪ್ರತಿ ಪುಸ್ತಕವೂ ಮೂರು ತಿಂಗಳಿಗೊಮ್ಮೆ ಸರ್ಕಾರಿ ಪಟ್ಟಿ ಸೇರಬೇಕಿತ್ತು. ಮದ್ರಾಸ್, ಬೊಂಬಾಯಿ ಪ್ರಾಂತ್ಯಗಳ ಪಟ್ಟಿಗಳಲ್ಲಿ ಕನ್ನಡ ಪುಸ್ತಕಗಳೂ ಇವೆ. ಹೆಸರು, ಭಾಷೆ, ಪುಟ, ಬೆಲೆ, ಕೊನೆಯಲ್ಲಿ ಷರಾದ ಕಾಲಂ. ಬಂಗಾಳದ ಪಟ್ಟಿಗಳ ಮೇಲೆ ಇತಿಹಾಸಕಾರ ರಾಬರ್ಟ್ ಡಾರ್ನ್‌ಟನ್ ಚೆನ್ನಾಗಿ ಬರೆದಿದ್ದಾರೆ. ನಮ್ಮ ಪಿಎಚ್‌.ಡಿ. ಮಕ್ಕಳು ಆ ಕನ್ನಡ ಪುಸ್ತಕಗಳ ಮುಂದಿನ ಕೊನೆಯ ಕಾಲಂ ಒಂದನ್ನೇ ಓದುತ್ತಾ ಕೂರಬೇಕು ಅಂತ ನನ್ನಾಸೆ. ಸ್ವಾತಂತ್ರ್ಯಾನಂತರದ ಕಡತ ಕೇಳುತ್ತೇವೆ ಅಂದರೆ ಕಷ್ಟ. ನಮ್ಮ 2005ರ ಮಾಹಿತಿ ಹಕ್ಕು ಕಾಯ್ದೆಯ 24ನೇ ಕಲಂ ಗುಪ್ತಚರ ದಳವನ್ನು ಹೊರಗಿಟ್ಟಿದೆ. ಭ್ರಷ್ಟಾಚಾರ, ಮಾನವ ಹಕ್ಕು ಉಲ್ಲಂಘನೆಯ ಆರೋಪವಿದ್ದರೆ ಮಾತ್ರ ಬಾಗಿಲು ಸಂದು ಬಿಡುತ್ತದೆ. ಕಾದಂಬರಿಯ ಮೇಲಿನ ಕುತೂಹಲಕ್ಕೆ ಆ ಸಂದು ಸಾಲದು.

ಹೋದ ವರ್ಷ ತರಗತಿಯಲ್ಲಿ ಹುಡುಗಿಯೊಬ್ಬಳು ಎದ್ದು ನಿಂತು ಕೇಳಿದಳು, “ಸರ್, ಅವರು ಕದ್ದು ನೋಡಿದ್ದನ್ನು ನಾವು ಮತ್ತೆ ಕೂತು ನೋಡ್ತಿದ್ದೀವಲ್ಲ, ಇದು ಸರೀನಾ?” ತಕ್ಷಣ ಉತ್ತರ ಹೊಳೆಯಲಿಲ್ಲ. ಬಾಲ್ಡ್‌ವಿನ್ ಕಡತವನ್ನು ಮ್ಯಾಕ್ಸ್‌ವೆಲ್ 2017ರಲ್ಲಿ ಪುಸ್ತಕವಾಗಿ ತಂದರು. ಅದು ಮನೆಗೆ ಬಂದಾಗ ನಾನೂ ಮೊದಲು ತಿರುವಿದ್ದು ಹೂವರ್‌ನ ಆ ಷರಾ ಇದ್ದ ಪುಟವನ್ನೇ. ಅದನ್ನೇ ಅವಳಿಗೆ ಹೇಳಿದೆ. ಅವಳು ಒಪ್ಪಲಿಲ್ಲ, ಕೂತಳು.

ಇನ್ನೊಂದನ್ನು ಅವಳಿಗೆ ಹೇಳಲು ಮರೆತೆ. ಎಫ್‌ಬಿಐ ಬಗ್ಗೆಯೇ ಒಂದು ಪುಸ್ತಕ ಬರೆಯುತ್ತೇನೆ ಅಂತ ಬಾಲ್ಡ್‌ವಿನ್, ಹೂವರ್ ಆ ಷರಾ ಬರೆದ ಕಾಲದಲ್ಲಿ, ಹೇಳಿಕೊಂಡಿದ್ದ. ಇಲಾಖೆಯವರು ಪ್ರಕಾಶನ ವಲಯದಲ್ಲಿ ವಿಚಾರಿಸಿದರು, ಮತ್ತೆ ಮತ್ತೆ ವಿಚಾರಿಸಿದರು, ಬಂತೇ, ಯಾವಾಗ ಬರುತ್ತದೆ ಅಂತ. ಕಡತ ದಪ್ಪವಾಗುತ್ತಾ ಹೋಯಿತು. ಆ ಪುಸ್ತಕವನ್ನು ಅವನು ಬರೆಯಲೇ ಇಲ್ಲ.