ಮೊದಲ ಟೇಪು, ಎರಡನೇ ಟೇಪು: ಟಿಮ್ ಕಾನ್ವೇ ಅವರ ಆಶುಹಾಸ್ಯ

ಎಲ್ಲರಿಗೂ ನಮಸ್ಕಾರ. ಮಡಿಕೇರಿಯಲ್ಲಿ ಕಿರುಪ್ರಹಸನ ಕಟ್ಟುತ್ತಿರುವ ನೀವೆಲ್ಲ ಅಮೆರಿಕದ ಟಿವಿ ನಟ ಟಿಮ್ ಕಾನ್ವೇ ಅವರ ಕೆಲಸವನ್ನು ಒಮ್ಮೆ ಬಿಡಿಸಿ ನೋಡಬೇಕು.

1933ರಲ್ಲಿ ಒಹಾಯೊ ರಾಜ್ಯದಲ್ಲಿ ಹುಟ್ಟಿದ ಅವರು ಹೆಸರು ಮಾಡಿದ್ದು 1962ರಲ್ಲಿ ಶುರುವಾದ ‘ಮೆಕ್‌ಹೇಲ್ಸ್ ನೇವಿ’ ಧಾರಾವಾಹಿಯಿಂದ. ಆಮೇಲೆ ಅವರನ್ನೇ ಮುಖ್ಯ ಪಾತ್ರದಲ್ಲಿಟ್ಟು ತಂದ ಕಾರ್ಯಕ್ರಮಗಳು ಬೇಗನೆ ನಿಂತುಹೋದವು. ಎದುರಿಗೊಬ್ಬ ಗಟ್ಟಿ ನಟ ಇದ್ದಾಗಲೇ ಅವರ ಹಾಸ್ಯಕ್ಕೆ ಕಳೆ. ಆ ನಟ ಸಿಕ್ಕಿದ್ದು ‘ಕ್ಯಾರಲ್ ಬರ್ನೆಟ್ ಶೋ’ ಎಂಬ ಟಿವಿ ಹಾಸ್ಯ ಕಾರ್ಯಕ್ರಮದಲ್ಲಿ: ಹಾರ್ವಿ ಕೋರ್ಮನ್. ಮೊದಲು ಅತಿಥಿಯಾಗಿ ಬರುತ್ತಿದ್ದ ಕಾನ್ವೇ 1975ರಿಂದ ಅಲ್ಲಿ ಖಾಯಂ ಆದರು.

ಆ ಕಾರ್ಯಕ್ರಮವನ್ನು ಶುಕ್ರವಾರ ಎರಡು ಸಲ, ಬೇರೆ ಬೇರೆ ಪ್ರೇಕ್ಷಕರ ಮುಂದೆ ಟೇಪ್ ಮಾಡುತ್ತಿದ್ದರು. ಮೊದಲ ಸಲ ಕಾನ್ವೇ ಬರೆದದ್ದನ್ನು ಬರೆದ ಹಾಗೇ ಆಡುವರು. ಬೇಕಾದ ಶಾಟ್ ಎಲ್ಲ ಸಿಕ್ಕಿತೇ ಎಂದು ನಿರ್ದೇಶಕರನ್ನು ಕೇಳುವರು. ಸಿಕ್ಕಿತೆಂದರೆ ಎರಡನೇ ಸಲ ಯಾರಿಗೂ ಹೇಳದ ಆಟ ಹೊರಬರುತ್ತಿತ್ತು. ಅದು ಕೆಟ್ಟರೆ ಮೊದಲ ಟೇಪು ಕೈಯಲ್ಲೇ ಇದೆ. ಸಂಪಾಜೆ ಕಡೆಯವರಿಗೆ ಇದು ಹೊಸತೇನಲ್ಲ: ತಾಳಮದ್ದಳೆಯಲ್ಲಿ ಪದ್ಯ ಗಟ್ಟಿಯಾಗಿ ನಿಂತಿರುತ್ತದೆ, ಅರ್ಥಧಾರಿ ಅದರ ಮೇಲೆ ಸ್ವತಂತ್ರವಾಗಿ ಮಾತು ಬೆಳೆಸುತ್ತಾನೆ.

1969ರ ದಂತವೈದ್ಯನ ಪ್ರಹಸನ ನೋಡಿ. ಕುರ್ಚಿಯಲ್ಲಿ ರೋಗಿಯಾಗಿ ಕೋರ್ಮನ್. ಹೊಸ ವೈದ್ಯ ಕಾನ್ವೇ ಮರಗಟ್ಟಿಸುವ ಸೂಜಿಯನ್ನು ತಪ್ಪಿ ತನ್ನ ಕೈಗೇ ಚುಚ್ಚಿಕೊಳ್ಳುತ್ತಾನೆ, ಆಮೇಲೆ ಕಾಲಿಗೆ. ಇಡೀ ಆಟಕ್ಕೆ ಒಂದೇ ನಿಯಮ: ಚುಚ್ಚಿದ ಜಾಗ ಸತ್ತಂತೆ. ಜೋತುಬಿದ್ದ ಕೈಯನ್ನು ಏನು ಮಾಡುವುದು, ಎಳೆಯುವ ಕಾಲಿನಲ್ಲಿ ನಿಲ್ಲುವುದು ಹೇಗೆ ಎಂಬುದರಿಂದಲೇ ಮುಂದಿನ ನಗು ಹುಟ್ಟುತ್ತದೆ. ಹವ್ಯಾಸಿಗಳು ಎಡವುವುದು ಇಲ್ಲೇ. ಎರಡು ನಿಮಿಷ ಕಳೆದ ಮೇಲೆ ಮರೆತು ಅದೇ ಕೈಯಿಂದ ಬಾಗಿಲು ತೆರೆಯುತ್ತಾರೆ; ಕಟ್ಟಿದ್ದೆಲ್ಲ ಬಿದ್ದುಹೋಗುತ್ತದೆ. ಇನ್ನೊಂದು ತಪ್ಪು, ತಾನೇ ನಗುವುದು. ಕೋರ್ಮನ್ ನಗು ತಡೆಯಲಾರದೆ ಒದ್ದಾಡುವಾಗ ಕಾನ್ವೇ ಮುಖದಲ್ಲಿ ವೈದ್ಯನ ಗಾಬರಿಯೊಂದೇ. ಆ ಗಾಂಭೀರ್ಯ ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ.

ನೀವು ಎಂಟು ನಿಮಿಷದ ಪ್ರಹಸನ ಮಾಡುವಿರಾದರೆ ಎರಡು ಕಡೆ ಮಾತ್ರ ಆಶುಹಾಸ್ಯಕ್ಕೆ ಜಾಗ ಬಿಡಿ. ಪ್ರತಿ ಜಾಗ ಮುಗಿಯುವ ಮಾತು ಮೊದಲೇ ನಿಗದಿಯಾಗಿರಲಿ. ಎದುರು ನಟನಿಗೂ ಲೈಟಿನವರಿಗೂ ಅದು ಬಾಯಿಪಾಠ ಇರಬೇಕು. ಇಲ್ಲದಿದ್ದರೆ ಆಟ ಬೆಳೆಯುತ್ತಿರುವಾಗಲೇ ದೀಪ ಆರುತ್ತದೆ. ಕಕ್ಕಡ ತಿಂಗಳ (ಆಟಿಯ) ಜೋರು ಮಳೆ ತಗಡಿನ ಮಾಡಿನ ಮೇಲೆ ಸುರಿಯುವಾಗ ಮಾತಿನ ನಡುವಿನ ಮೌನ ಯಾರಿಗೂ ಕೇಳುವುದಿಲ್ಲ. ಅಂಥ ದಿನ ಆ ಎರಡೂ ಜಾಗಗಳನ್ನು ಮಾತಿಲ್ಲದೆ, ಕೈಕಾಲಿನಿಂದಲೇ ತುಂಬಿ.