ಎಡಿಟಿಂಗ್ ಟೇಬಲ್ ಮುಂದೆ ಕೂತ ಹಾಡುಗಾರ

ಕೇಳುಗರಿಗೆಲ್ಲ ನಮಸ್ಕಾರ.

ಸಂಗೀತದ ಸಾಕ್ಷ್ಯಚಿತ್ರ ನೋಡುವಾಗ ನಮ್ಮ ಕಣ್ಣು ಹಾಡುವವರ ಮೇಲಿರುತ್ತದೆ. ಎಡಿಟರ್ ಹೆಸರು ಯಾರೂ ಕೇಳುವುದಿಲ್ಲ, ಅಲ್ವಾ? ಇವತ್ತು ಅಂಥ ಒಬ್ಬರ ಮಾತು. ಶಾರ್ಲೆಟ್ ಜ್ವೆರಿನ್. 1931ರಲ್ಲಿ ಅಮೆರಿಕದ ಡೆಟ್ರಾಯ್ಟ್‌ನಲ್ಲಿ ಹುಟ್ಟಿದವರು.

1969ರ ಡಿಸೆಂಬರ್ 6. ಕ್ಯಾಲಿಫೋರ್ನಿಯಾದ ಆಲ್ಟಮಾಂಟ್‌ನಲ್ಲಿ ರೋಲಿಂಗ್ ಸ್ಟೋನ್ಸ್ ಎಂಬ ರಾಕ್ ಸಂಗೀತ ತಂಡದ ಕಾರ್ಯಕ್ರಮ. ಟಿಕೆಟ್ ಇಲ್ಲ, ಲಕ್ಷಗಟ್ಟಲೆ ಜನ. ವೇದಿಕೆ ಸುತ್ತ ಹೆಲ್ಸ್ ಏಂಜಲ್ಸ್ ಎಂಬ ಬೈಕ್ ಗುಂಪಿನವರು. ತಂಡ ಹಾಡುತ್ತಿರುವಾಗಲೇ ಆ ಬೈಕ್ ಗುಂಪಿನವನೊಬ್ಬ ಮೆರೆಡಿತ್ ಹಂಟರ್ ಎಂಬ 18 ವರ್ಷದ ಹುಡುಗನಿಗೆ ಚಾಕು ಹಾಕಿದ. ಹುಡುಗ ಉಳಿಯಲಿಲ್ಲ. ತಂಡದ ಬಗ್ಗೆ ಸಾಕ್ಷ್ಯಚಿತ್ರ ತೆಗೆಯುತ್ತಿದ್ದ ಮೇಸಲ್ಸ್ ಸೋದರರ ಕ್ಯಾಮೆರಾದಲ್ಲಿ ಅದೂ ಸೆರೆಯಾಗಿತ್ತು.

ಎಡಿಟ್ ಮಾಡಲು ರೀಲುಗಳು ಜ್ವೆರಿನ್ ಕೈಗೆ ಬಂದವು. ಸುದ್ದಿ ಆಗಲೇ ಊರೆಲ್ಲ ಹರಡಿತ್ತು. ಸಾವನ್ನು ಕೊನೆಗೆ ಬಚ್ಚಿಟ್ಟು ಜನರನ್ನು ಕುತೂಹಲದಲ್ಲಿ ಕೂರಿಸುವುದು ಎಷ್ಟು ಕೆಟ್ಟದ್ದು! ಅವರಿಗೆ ಬೇರೆಯೇ ಹೊಳೆಯಿತು. ತಂಡದವರನ್ನೇ ಕರೆದು, ಎಡಿಟಿಂಗ್ ಟೇಬಲ್ ಮುಂದೆ ಕೂರಿಸಿ, ಅದೇ ದೃಶ್ಯ ತೋರಿಸಿ, ಅವರು ನೋಡುವುದನ್ನು ಚಿತ್ರೀಕರಿಸುವುದು.

ಹಾಗಾಗಿ 1970ರ 'ಗಿಮ್ಮಿ ಶೆಲ್ಟರ್' ಚಿತ್ರ ಶುರುವಾಗುವ ಹೊತ್ತಿಗೇ ನಮಗೆ ಸಾವಿನ ಸುದ್ದಿ ಗೊತ್ತಾಗುತ್ತದೆ. ತಿಳಿಸುವುದು ರೇಡಿಯೋ. ಡ್ರಮ್ ಬಾರಿಸುವ ಚಾರ್ಲಿ ವಾಟ್ಸ್ ಸುಮ್ಮನೆ ಕೂತು ಕೇಳುತ್ತಾರೆ. ರೇಡಿಯೋದಲ್ಲಿ ಮಾತಾಡುವ ನನಗೆ ಆ ಮುಖ ಮರೆಯುವುದಿಲ್ಲ.

ಆಮೇಲೆ ಹಾಡುಗಳು ಬರುತ್ತವೆ, ಕುಣಿತ ಬರುತ್ತದೆ. ಆದರೆ ನಾವು ನಿರಾಳವಾಗಿ ನೋಡಲಾರೆವು. ಕೊನೆಗೆ ತಂಡದ ಹಾಡುಗಾರ ಮಿಕ್ ಜ್ಯಾಗರ್ ಟೇಬಲ್‌ನ ಪುಟ್ಟ ಪರದೆಗೆ ಕಣ್ಣು ನೆಟ್ಟಿದ್ದಾರೆ. ರೀಲ್ ಹಿಂದಕ್ಕೆ ಹೋಗುತ್ತದೆ, ನಿಧಾನವಾಗಿ ಮುಂದೆ ಬರುತ್ತದೆ. ಹುಡುಗಿಯೊಬ್ಬಳ ತಿಳಿಬಣ್ಣದ ಬಟ್ಟೆಯೆದುರು ಹುಡುಗನ ಕೈಯಲ್ಲಿದ್ದ ಪಿಸ್ತೂಲಿನ ಕಪ್ಪು ಆಕಾರ. ಆಮೇಲೆ ಚಾಕು. ಜ್ಯಾಗರ್ ಎದ್ದು ಹೊರಡುತ್ತಾರೆ. ಆ ಮುಖದ ಮೇಲೆ ಚಿತ್ರ ಗಕ್ಕನೆ ನಿಲ್ಲುತ್ತದೆ. ಅವರು ತಪ್ಪಿತಸ್ಥರು ಅಂತಲೂ ಇಲ್ಲ, ಪಾಪ ಅಂತಲೂ ಇಲ್ಲ. ಒಂದು ಮಾತು ಸೇರಿಸಿದ್ದರೂ ಕೆಟ್ಟುಹೋಗುತ್ತಿತ್ತು ಅಂತ ನನಗನ್ನಿಸುತ್ತದೆ.

ಈ ಚಿತ್ರಕ್ಕೆ ನಿರ್ದೇಶಕರಾಗಿ ಮೇಸಲ್ಸ್ ಸೋದರರ ಜೊತೆಗೆ ಜ್ವೆರಿನ್ ಹೆಸರೂ ಇದೆ. ನ್ಯಾಯವಾದದ್ದೇ.

ಮುಂದೆ 1988ರಲ್ಲಿ ಜಾಜ್ ಪಿಯಾನೋ ವಾದಕ ಥೆಲೋನಿಯಸ್ ಮಂಕ್ ಬಗ್ಗೆ ಅವರೇ ಚಿತ್ರ ಮಾಡಿದರು. ಅದರ ಬುನಾದಿ 1960ರ ದಶಕದ ಕೊನೆಯಲ್ಲಿ ಬ್ಲ್ಯಾಕ್‌ವುಡ್ ಸೋದರರು ತೆಗೆದಿಟ್ಟಿದ್ದ ರೀಲುಗಳು. ಮಂಕ್ 1982ರಲ್ಲೇ ತೀರಿಕೊಂಡಿದ್ದರು. ಇಲ್ಲಿ ನೋಡಿದರೆ ಪಿಯಾನೋ ಬಿಟ್ಟೆದ್ದು, ನಿಂತಲ್ಲೇ ಗಿರಗಿರ ತಿರುಗುತ್ತಿದ್ದಾರೆ.