ಹಳೆಯ ರೀಲಿಗೊಂದು ಗುರುತು

ಕೇಳುಗರಿಗೆ ನಮಸ್ಕಾರ. ಸಾಕ್ಷ್ಯಚಿತ್ರಗಳಿಗೆ ಹಳೆಯ ಫಿಲಂ ದೃಶ್ಯ ಹುಡುಕಿಕೊಡುವುದು ಪುಣೆಯಲ್ಲಿ ನನ್ನ ಕೆಲಸ. ರೀಲು ಸಿಕ್ಕಿದರೆ ಕೆಲಸ ಮುಗಿಯಿತು ಅಂತ ಜಾಸ್ತಿ ಜನ ಅಂದುಕೊಳ್ಳುತ್ತಾರೆ. ಅದು ಯಾವ ಊರಿನದು, ಯಾವ ವರ್ಷದ್ದು ಎಂದು ಗೊತ್ತಾಗದಿದ್ದರೆ ಆ ರೀಲು ಇದ್ದೂ ಇಲ್ಲದ ಹಾಗೆ.

1961ರ ಜುಲೈ 12ರಂದು ಪಾನ್‌ಶೆತ್ ಅಣೆಕಟ್ಟು ಒಡೆದು ಪುಣೆಗೆ ನೀರು ನುಗ್ಗಿತು. ಆ ಪ್ರವಾಹದ್ದು ಅಂತ ಯಾರೋ ಒಂದು ಡಬ್ಬಿ ತಂದರು ಎಂದಿಟ್ಟುಕೊಳ್ಳಿ. ಮುಚ್ಚಳ ತೆಗೆದು ಮೊದಲು ಮೂಸಿ ನೋಡುತ್ತೇವೆ. ವಿನೆಗರ್‌ನಂಥ ಹುಳಿ ವಾಸನೆ ಬಂದರೆ ಅಸಿಟೇಟ್ ಎಂಬ ಪ್ಲಾಸ್ಟಿಕ್ಕಿನ ಫಿಲಂ ಕೆಡಲು ಶುರುವಾಗಿದೆ ಎಂದರ್ಥ. ಅದರ ಆವಿ ಪಕ್ಕದ ರೀಲುಗಳನ್ನೂ ಕೆಡಿಸುತ್ತದೆ. ತಕ್ಷಣ ಬೇರೆ ಇಡಬೇಕು.

ಆಮೇಲೆ ರೀಲನ್ನು ಕೈಯಲ್ಲೇ ಮೆಲ್ಲಗೆ ಬಿಚ್ಚಿ, ಬೆಳಕಿಗೆ ಹಿಡಿದು ಅಂಚು ನೋಡುತ್ತೇವೆ. ಹಳೆಯ ಕೊಡ್ಯಾಕ್ ಫಿಲಮಿನ ಅಂಚಿನಲ್ಲಿ ಪುಟ್ಟ ವೃತ್ತ, ಚೌಕ, ತ್ರಿಕೋನ ಇರುತ್ತವೆ. ಫಿಲಂ ತಯಾರಾದ ವರ್ಷದ ಗುರುತು ಅದು. ಆದರೆ ಅದೇ ಗುರುತು 20 ವರ್ಷಕ್ಕೊಮ್ಮೆ ಮತ್ತೆ ಬರುತ್ತದೆ. 1941 ಇರಬಹುದು, 1961 ಇರಬಹುದು. ಆಗ ಚಿತ್ರದೊಳಗೇ ಹುಡುಕಬೇಕು: ಅಂಗಡಿಯ ಬೋರ್ಡು, ಬಸ್ಸು, ಸೇತುವೆಯ ಕಮಾನು. ಕೊನೆಗೆ ಆ ಪ್ರವಾಹ ಕಂಡ ಅಜ್ಜಿಯೊಬ್ಬರು, ‘ಇದು ನಮ್ಮ ಲಕಡಿ ಪೂಲ್ ಸೇತುವೆ ಅಲ್ವಾ?’ ಅಂದರೆ, ಯಂತ್ರಕ್ಕೆ ಆಗದ ಕೆಲಸ ಅಲ್ಲಿ ಆಗುತ್ತದೆ.

ಇದೇ ಪುಣೆಯಲ್ಲಿ 1964ರಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾಯಿತು. ಅದನ್ನು ಕಟ್ಟಿ ಬೆಳೆಸಿದವರು ಪಿ.ಕೆ. ನಾಯರ್. ಕತ್ತಲೆಯ ಥಿಯೇಟರಿನಲ್ಲಿ ಕೂತು, ಚಿತ್ರ ನೋಡುತ್ತಲೇ ಪುಸ್ತಕದಲ್ಲಿ ಗುರುತು ಹಾಕಿಕೊಳ್ಳುತ್ತಿದ್ದರು. ನನಗೆ ಅವರ ಸಂಗ್ರಹದಷ್ಟೇ ಆ ಬರವಣಿಗೆಯ ಅಭ್ಯಾಸವೂ ದೊಡ್ಡದು.

ಉಳಿಯದೇ ಹೋದದ್ದು ಏನು ಕಡಿಮೆಯೇ? ಕನ್ನಡದ ಮೊದಲ ಟಾಕಿ, 1934ರ ‘ಸತಿ ಸುಲೋಚನ’, ತಯಾರಾದದ್ದು ಇಲ್ಲೇ ಹತ್ತಿರದ ಕೊಲ್ಹಾಪುರದಲ್ಲಿ. ಇವತ್ತು ನೋಡೋಣ ಅಂದರೆ ಅದರ ಒಂದು ಪ್ರತಿಯೂ ಇಲ್ಲ. ನೆನೆದಾಗಲೆಲ್ಲ ಹೊಟ್ಟೆ ಉರಿಯುತ್ತದೆ. ಆ ಕಾಲದ ನೈಟ್ರೇಟ್ ಫಿಲಂ ಬೇಗ ಬೆಂಕಿಗೆ ತುತ್ತಾಗುತ್ತಿತ್ತು. ಬೆಂಕಿಯಿಂದ ಪಾರಾದ ಎಷ್ಟೋ ರೀಲುಗಳನ್ನು ಒಳಗಿನ ಬೆಳ್ಳಿಯ ಆಸೆಗೆ ಮಾರಿ ಕರಗಿಸಿದರು.

ಪುಣೆ, ಮುಂಬೈಯ ಕನ್ನಡ ಮನೆಗಳಲ್ಲಿ ಅಟ್ಟದ ಮೇಲೆ ಇನ್ನೂ ಸೂಪರ್ 8 ರೀಲುಗಳಿವೆ, ಅಂದರೆ ಮನೆಮಂದಿಯೇ ಚಿತ್ರ ತೆಗೆಯುತ್ತಿದ್ದ ಪುಟ್ಟ ಫಿಲಂ. ಮದುವೆ, ನಾಮಕರಣ, ರಜೆಯಲ್ಲಿ ಧಾರವಾಡಕ್ಕೆ ಹೋದದ್ದು. ಮನೆಯವರಿಗೆ ಅದು ಮದುವೆ. ನನಗೆ ಮಾತ್ರ ಮಂಟಪದ ಹಿಂದಿನ ಬೀದಿಯೂ ಬೇಕು. ದಯವಿಟ್ಟು ಅವನ್ನು ಹಳೆಯ ಪ್ರೊಜೆಕ್ಟರಿಗೆ ಹಾಕಬೇಡಿ. ಫಿಲಂ ಕುಗ್ಗಿದ್ದರೆ ಅಂಚಿನ ತೂತುಗಳು ಹರಿದುಹೋಗುತ್ತವೆ. ತಂಪಾದ, ಒಣಗಿದ ಜಾಗದಲ್ಲಿಡಿ. ಹಿರಿಯರು ಇರುವಾಗಲೇ ಪಕ್ಕದಲ್ಲಿ ಕೂತು, ಯಾರು, ಎಲ್ಲಿ, ಯಾವಾಗ ಅಂತ ಕೇಳಿ ಬರೆದುಕೊಳ್ಳಿ. ಸ್ಕ್ಯಾನ್ ಮಾಡಿಸಿದ ಮೇಲೂ ರೀಲನ್ನು ಎಸೆಯಬೇಡಿ, ಡಬ್ಬಿಯನ್ನೂ ಎಸೆಯಬೇಡಿ. ಮುಚ್ಚಳದ ಮೇಲೆ ಮಾವನೋ ಅಜ್ಜನೋ ಪೆನ್ಸಿಲಿನಲ್ಲಿ ಗೀಚಿದ ಎರಡು ಅಕ್ಷರವೂ ನಮ್ಮ ಕೆಲಸಕ್ಕೆ ಬರುತ್ತದೆ.